ಪಟ್ಟಾಭಿರಾಮ ರೆಡ್ಡಿ: ‘ಸಂಸ್ಕಾರ’ಕ್ಕೆ ದುಡ್ಡು ಹಾಕಿದವರ ಕಥೆ

ಬೆಂಗಳೂರಿಗೆ ಧರಣಿಗೆ ಹೋಗಿ ಬಂದವರಿಗೆ ಫ್ರೀಡಂ ಪಾರ್ಕ್ ಗೊತ್ತೇ ಇರುತ್ತೆ. ಅಂಗನವಾಡಿ ಅಕ್ಕಂದಿರು, ಅತಿಥಿ ಉಪನ್ಯಾಸಕರು, ರೈತ ಸಂಘದವರು ಒಂದಲ್ಲ ಒಂದು ಸಲ ಅಲ್ಲಿ ಹಾಸಿಕೊಂಡು ಕೂತವರೇ. ಆ ಜಾಗ ಮೊದಲು ಬೆಂಗಳೂರಿನ ಸೆಂಟ್ರಲ್ ಜೈಲಾಗಿತ್ತು. ಹಳೆಯ ಗೋಡೆ, ಕಾವಲು ಗೋಪುರ ಈಗಲೂ ಕಾಣುತ್ತವೆ.

1976ರಲ್ಲಿ ಆ ಜೈಲಿನ ಒಂದು ಕೋಣೆಯಲ್ಲಿ ಒಬ್ಬ ನಟಿಯನ್ನು ಎಂಟು ತಿಂಗಳು ಇಟ್ಟಿದ್ದರು. ಅವರಿಗೆ ಅಸ್ತಮಾ ಇತ್ತು. ಹೊರಗೆ ಬಂದ ಐದೇ ದಿನಕ್ಕೆ ತೀರಿಕೊಂಡರು. ಹೆಸರು ಸ್ನೇಹಲತಾ ರೆಡ್ಡಿ. ಅವರ ಗಂಡ ಸಿನಿಮಾ ನಿರ್ಮಾಪಕ. ಕನ್ನಡಕ್ಕೆ ಮೊಟ್ಟಮೊದಲ ಸಲ ದೇಶದ ಅತ್ಯುತ್ತಮ ಚಿತ್ರ ಪ್ರಶಸ್ತಿ ತಂದುಕೊಟ್ಟ ‘ಸಂಸ್ಕಾರ’ವನ್ನು ನಿರ್ಮಿಸಿ ನಿರ್ದೇಶಿಸಿದವರು. ಅವರ ಮನೆಮಾತು ಕನ್ನಡವಲ್ಲ, ತೆಲುಗು. ಹೆಸರು ತಿಕ್ಕವರಪು ಪಟ್ಟಾಭಿರಾಮ ರೆಡ್ಡಿ.

‘ಸಂಸ್ಕಾರ’ ಅಂದರೆ ನಮಗೆ ಅನಂತಮೂರ್ತಿ ನೆನಪಾಗುತ್ತಾರೆ, ಗಿರೀಶ್ ಕಾರ್ನಾಡ್ ನೆನಪಾಗುತ್ತಾರೆ, ಲಂಕೇಶ್ ನೆನಪಾಗುತ್ತಾರೆ. ಅವರನ್ನೆಲ್ಲ ಒಂದು ಕಡೆ ಸೇರಿಸಿ, ದುಡ್ಡು ಹಾಕಿ, ಸರ್ಕಾರದ ಜೊತೆ ಜಗಳಕ್ಕೆ ನಿಂತವರ ಹೆಸರು ಮಾತ್ರ ಹೆಚ್ಚು ಜನಕ್ಕೆ ಗೊತ್ತಿಲ್ಲ. ಈ ಬರಹ ಅವರ ಬಗ್ಗೆ.

ನಿರ್ಮಾಪಕ ಅಂದರೆ ಯಾರು?

ಊರ ಜಾತ್ರೆಗೆ ನಾಟಕ ಆಡಿಸಿದವರಿಗೆ ಇದು ಬೇಗ ಅರ್ಥವಾಗುತ್ತೆ. ಪಾತ್ರ ಮಾಡುವವರು ಬೇರೆ, ಕಲಿಸುವ ಮೇಷ್ಟ್ರು ಬೇರೆ. ಆದರೆ ಸೀನರಿಯವರಿಗೆ ಅಡ್ವಾನ್ಸ್ ಕೊಡುವವನು, ಹಾರ್ಮೋನಿಯಂ ಮಾಸ್ತರರ ಊಟದ ವ್ಯವಸ್ಥೆ ನೋಡುವವನು, ನಾಟಕದ ದಿನ ಮಳೆ ಬಂದರೆ ಸಾಲ ತಲೆ ಮೇಲೆ ಹೊತ್ತುಕೊಳ್ಳುವವನು ಒಬ್ಬ ಇರಲೇಬೇಕು. ಸಿನಿಮಾದಲ್ಲಿ ಆ ಮನುಷ್ಯನೇ ನಿರ್ಮಾಪಕ.

ಮಾಮೂಲಿ ಸಿನಿಮಾ ವ್ಯಾಪಾರದಲ್ಲಿ ನಿರ್ಮಾಪಕ ಪೂರ್ತಿ ಹಣವನ್ನು ತನ್ನ ಜೇಬಿನಿಂದಲೇ ಹಾಕುವುದು ಕಡಿಮೆ. ಹಂಚಿಕೆದಾರರು ಸಿನಿಮಾ ಮುಗಿಯುವ ಮೊದಲೇ ಮುಂಗಡ ಕೊಡುತ್ತಾರೆ. ಫೈನಾನ್ಸಿಯರ್ ಬಡ್ಡಿಗೆ ಸಾಲ ಕೊಡುತ್ತಾನೆ. ಹೀಗೆ ಕೊಡುವವರು ಸುಮ್ಮನೆ ಕೊಡುವುದಿಲ್ಲ. ಹೀರೋ ಯಾರು, ಹಾಡು ಎಷ್ಟು, ಕಾಮಿಡಿ ಇದೆಯಾ, ಕೊನೆಗೆ ಎಲ್ಲ ಸರಿಹೋಗುತ್ತಾ ಅಂತ ಕೇಳುತ್ತಾರೆ. ಹಣ ಎಲ್ಲಿಂದ ಬರುತ್ತೋ ಮಾತು ಅಲ್ಲಿಂದಲೇ ಬರುತ್ತೆ. ಬಿತ್ತನೆಗೆ ಮುಂಚೆಯೇ ದಲ್ಲಾಳಿ ಹತ್ತಿರ ಮುಂಗಡ ತಗೊಂಡ ರೈತ ಬೆಳೆಯ ರೇಟು ಹೇಳಲು ಆಗದ ಹಾಗೆ.

ಈ ಮುಂಗಡದ ಹಗ್ಗಕ್ಕೆ ಕಟ್ಟುಬೀಳದೆ ತನಗೆ ಬೇಕಾದ ಕಥೆಯನ್ನು ತನಗೆ ಸರಿ ಕಂಡ ಹಾಗೆ ಮಾಡುವವರನ್ನು ಸ್ವತಂತ್ರ ನಿರ್ಮಾಪಕ ಅನ್ನುತ್ತಾರೆ. ಕೇಳೋಕೆ ಚೆನ್ನಾಗಿದೆ. ಆದರೆ ಬಂದ ನಷ್ಟವನ್ನೂ ಅವರೊಬ್ಬರೇ ಹೊರಬೇಕು. ಪಟ್ಟಾಭಿಯವರ ಬದುಕಿನಲ್ಲಿ ಈ ಎರಡನ್ನೂ ನೋಡಬಹುದು.

ನೆಲ್ಲೂರಿನ ಹುಡುಗ, ಹನ್ನೆರಡು ಕವಿತೆ

ಪಟ್ಟಾಭಿ ಹುಟ್ಟಿದ್ದು 1919ರಲ್ಲಿ, ಆಂಧ್ರದ ನೆಲ್ಲೂರಿನಲ್ಲಿ. ಉಳ್ಳವರ ಮನೆ. ಓದಿಗೆ ಕೊರತೆ ಇರಲಿಲ್ಲ, ಅಮೆರಿಕಕ್ಕೂ ಹೋಗಿ ಓದಿ ಬಂದರು.

ಸಿನಿಮಾಕ್ಕಿಂತ ಮೊದಲು ಅವರು ಹೆಸರು ಮಾಡಿದ್ದು ತೆಲುಗು ಕವಿಯಾಗಿ. 1939ರಲ್ಲಿ, ಇಪ್ಪತ್ತರ ವಯಸ್ಸಿನಲ್ಲಿ, ‘ಫಿಡೇಲು ರಾಗಾಲ ಡಜನ್’ ಅನ್ನುವ ಪುಟ್ಟ ಸಂಕಲನ ತಂದರು. ಫಿಡೇಲು ಅಂದರೆ ಪಿಟೀಲು. ಹೆಸರೇ ಹೇಳುವ ಹಾಗೆ ಅದರಲ್ಲಿ ಒಂದು ಡಜನ್ ಕವಿತೆ. ಛಂದಸ್ಸಿನ ಕಟ್ಟನ್ನು ಬೇಕಂತಲೇ ಮುರಿದು, ಪಟ್ಟಣದ ಮಾತು, ಇಂಗ್ಲಿಷ್ ಪದ ಎಲ್ಲ ಬೆರೆಸಿ ಬರೆದ ಕವಿತೆಗಳು. ಹಳೆಯ ಪಂಡಿತರಿಗೆ ಸಿಟ್ಟು ಬಂತು, ಹೊಸಬರಿಗೆ ದಾರಿ ಕಂಡಿತು. ಇವತ್ತಿಗೂ ತೆಲುಗಿನ ಹೊಸಕಾವ್ಯದ ಚರಿತ್ರೆ ಹೇಳುವವರು ಆ ಪುಸ್ತಕವನ್ನು ಬಿಟ್ಟು ಹೇಳುವುದಿಲ್ಲ.

ದೊಡ್ಡ ಸಿನಿಮಾಗಳ ನಿರ್ಮಾಪಕ

ಆಮೇಲೆ ಅವರು ಸಿನಿಮಾ ನಿರ್ಮಾಣಕ್ಕೆ ಬಂದರು. ಆಗಿನ ಕಾಲಕ್ಕೆ ದಕ್ಷಿಣದ ನಾಲ್ಕೂ ಭಾಷೆಗಳ ಸಿನಿಮಾಕ್ಕೆ ಮದ್ರಾಸೇ ಕೇಂದ್ರ. ಸ್ಟುಡಿಯೋ, ಲ್ಯಾಬು, ಫೈನಾನ್ಸಿಯರ್, ಎಲ್ಲ ಅಲ್ಲೇ.

ಪಟ್ಟಾಭಿ ಕೈಜೋಡಿಸಿದ್ದು ಸಣ್ಣ ನಿರ್ದೇಶಕರ ಜೊತೆ ಅಲ್ಲ. ‘ಪಾತಾಳ ಭೈರವಿ’, ‘ಮಾಯಾಬಜಾರ್’ ಮಾಡಿದ ಕೆ.ವಿ. ರೆಡ್ಡಿ ಜೊತೆ. ಜಯಂತಿ ಪಿಕ್ಚರ್ಸ್ ಹೆಸರಿನಲ್ಲಿ 1958ರಲ್ಲಿ ‘ಪೆಳ್ಳಿನಾಟಿ ಪ್ರಮಾಣಾಲು’ ಬಂತು. ಮದುವೆಯ ದಿನ ಕೊಟ್ಟ ಮಾತನ್ನು ಮರೆಯುವ ಗಂಡನ ಕಥೆ. ಅಕ್ಕಿನೇನಿ ನಾಗೇಶ್ವರ ರಾವ್, ಜಮುನಾ ನಟಿಸಿದ್ದರು. ಆ ವರ್ಷದ ಅತ್ಯುತ್ತಮ ತೆಲುಗು ಚಿತ್ರ ಅಂತ ರಾಷ್ಟ್ರ ಪ್ರಶಸ್ತಿಯೂ ಬಂತು. ಮುಂದೆ 1963ರ ‘ಶ್ರೀಕೃಷ್ಣಾರ್ಜುನ ಯುದ್ಧಮು’, 1968ರ ‘ಭಾಗ್ಯಚಕ್ರಮು’ ಚಿತ್ರಗಳ ಜೊತೆಗೂ ಅವರ ಹೆಸರಿದೆ. ಎನ್.ಟಿ. ರಾಮರಾವ್, ಬಿ. ಸರೋಜಾದೇವಿಯಂಥ ದೊಡ್ಡ ತಾರೆಯರು, ದೊಡ್ಡ ಸೆಟ್ಟು, ಹಾಡು, ಕಿರೀಟ, ಎಲ್ಲ ಇದ್ದ ಸಿನಿಮಾಗಳು.

ಅಂದರೆ ಪಟ್ಟಾಭಿಗೆ ಮಾರ್ಕೆಟ್ಟು ಗೊತ್ತಿರಲಿಲ್ಲ ಅಂತ ಹೇಳೋಕೆ ಆಗಲ್ಲ. ದುಡ್ಡು ಹೇಗೆ ಬರುತ್ತೆ, ಹೇಗೆ ಹೋಗುತ್ತೆ ಅನ್ನುವುದನ್ನು ಹತ್ತು ವರ್ಷ ಒಳಗಿದ್ದು ನೋಡಿದವರು. ಆ ದಾರಿಯಲ್ಲೇ ಮುಂದುವರಿದಿದ್ದರೆ ಅವರು ಇನ್ನೊಬ್ಬ ದೊಡ್ಡ ತೆಲುಗು ನಿರ್ಮಾಪಕ ಆಗಬಹುದಿತ್ತು. ಹೋಗಲಿಲ್ಲ.

ಲೋಹಿಯಾ, ಮದ್ರಾಸ್ ಪ್ಲೇಯರ್ಸ್ ಮತ್ತು ಒಂದು ಕನ್ನಡ ಕಾದಂಬರಿ

ಯಾಕೆ ಹೋಗಲಿಲ್ಲ ಅನ್ನೋದಕ್ಕೆ ಎರಡು ನಂಟು ಮುಖ್ಯ.

ಒಂದು, ರಾಮಮನೋಹರ ಲೋಹಿಯಾ. ಪಟ್ಟಾಭಿ ಮತ್ತು ಸ್ನೇಹಲತಾ ಇಬ್ಬರೂ ಲೋಹಿಯಾ ಸಮಾಜವಾದವನ್ನು ಒಪ್ಪಿಕೊಂಡವರು. ಲೋಹಿಯಾ ಹೆಸರು ನಮ್ಮ ಮಲೆನಾಡಿಗೆ ಹೊಸದಲ್ಲ. 1951ರಲ್ಲಿ ಸಾಗರದ ಹತ್ತಿರ ಕಾಗೋಡಿನಲ್ಲಿ ಗೇಣಿದಾರರು ಸತ್ಯಾಗ್ರಹ ಮಾಡಿದಾಗ ಅಲ್ಲಿಗೆ ಬಂದು ಬಂಧನಕ್ಕೆ ಒಳಗಾದವರು ಅವರು. ಶಾಂತವೇರಿ ಗೋಪಾಲಗೌಡರ ಜೊತೆಗಾರರು. ಜಾತಿ ಮುರಿಯದೆ ಸಮಾನತೆ ಬರುವುದಿಲ್ಲ ಅನ್ನುವ ಲೋಹಿಯಾ ವಿಚಾರ ಅನಂತಮೂರ್ತಿ, ಲಂಕೇಶ್ ತಲೆಮಾರಿನ ಬರಹಗಾರರನ್ನು ಹಿಡಿದು ಅಲ್ಲಾಡಿಸಿತ್ತು.

ಎರಡು, ನಾಟಕ. ಮದ್ರಾಸ್ ಪ್ಲೇಯರ್ಸ್ ಅಂತ ಮದ್ರಾಸಿನಲ್ಲಿ ಇಂಗ್ಲಿಷ್ ನಾಟಕ ಆಡುವ ಒಂದು ತಂಡ ಇತ್ತು. ಸ್ನೇಹಲತಾ ಅದನ್ನು ಕಟ್ಟಿದವರಲ್ಲಿ ಒಬ್ಬರು. ಆಕ್ಸ್‌ಫರ್ಡ್ ಪ್ರಕಾಶನದ ಮದ್ರಾಸ್ ಕಚೇರಿಯಲ್ಲಿ ಕೆಲಸಕ್ಕಿದ್ದ ಗಿರೀಶ್ ಕಾರ್ನಾಡರೂ ಅದೇ ತಂಡದಲ್ಲಿ ನಾಟಕ ಆಡುತ್ತಿದ್ದರು. ಆಗಲೇ ‘ಯಯಾತಿ’, ‘ತುಘಲಕ್’ ಬರೆದಿದ್ದರು. ಸಿನಿಮಾದಲ್ಲಿ ಇನ್ನೂ ಕಾಲಿಟ್ಟಿರಲಿಲ್ಲ.

ಯು.ಆರ್. ಅನಂತಮೂರ್ತಿ ‘ಸಂಸ್ಕಾರ’ ಬರೆದದ್ದು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನಲ್ಲಿ ಓದುತ್ತಿದ್ದಾಗ. 1965ರಲ್ಲಿ ಧಾರವಾಡದ ಮನೋಹರ ಗ್ರಂಥಮಾಲೆ ಅದನ್ನು ಪ್ರಕಟಿಸಿತು. ಕಥೆ ಓದದವರಿಗೆ ಎರಡು ಮಾತು: ದೂರ್ವಾಸಪುರ ಅನ್ನುವ ಅಗ್ರಹಾರ. ಅಲ್ಲಿ ನಾರಣಪ್ಪ ಅನ್ನುವ ಬ್ರಾಹ್ಮಣ ಸಾಯುತ್ತಾನೆ. ಅವನು ಹೆಂಡ ಕುಡಿದವನು, ಮಾಂಸ ತಿಂದವನು, ಚಂದ್ರಿ ಅನ್ನುವ ಹೆಂಗಸನ್ನು ಮನೆಗೆ ತಂದುಕೊಂಡವನು. ಅವನ ಹೆಣ ಸುಡುವವರು ಯಾರು? ಸುಡದೆ ಊಟ ಮಾಡುವ ಹಾಗಿಲ್ಲ, ಸುಟ್ಟರೆ ಜಾತಿ ಕೆಡುತ್ತೆ ಅನ್ನುವ ಭಯ. ಊರಿಗೇ ದೊಡ್ಡ ಪಂಡಿತ ಪ್ರಾಣೇಶಾಚಾರ್ಯ ಶಾಸ್ತ್ರದಲ್ಲಿ ಉತ್ತರ ಹುಡುಕುತ್ತಾನೆ, ಸಿಗುವುದಿಲ್ಲ. ಆ ಹೊತ್ತಿಗೆ ಊರಲ್ಲಿ ಇಲಿ ಬೀಳಲು ಶುರುವಾಗಿರುತ್ತೆ. ಪ್ಲೇಗು.

ಇಂಥ ಕಥೆಯನ್ನು ಸಿನಿಮಾ ಮಾಡುತ್ತೇನೆ ಅಂತ 1969–70ರಲ್ಲಿ ಯಾವ ಹಂಚಿಕೆದಾರನ ಹತ್ತಿರ ಹೋದರೂ ಏನು ಹೇಳುತ್ತಿದ್ದ ಅಂತ ನೀವೇ ಊಹಿಸಿ. ಸಿನಿಮಾದಲ್ಲಿ ಬಹಳ ಹೊತ್ತು ಒಂದು ಹೆಣ ಮನೆಯೊಳಗೆ ಬಿದ್ದಿರುತ್ತೆ. ಹಾಡಿಲ್ಲ, ಫೈಟಿಲ್ಲ. ನಾಯಕ ತಲೆ ಬೋಳಿಸಿಕೊಂಡ ಆಚಾರ್ಯ.

ಒಂದು ಲಕ್ಷಕ್ಕಿಂತ ಕಡಿಮೆಯಲ್ಲಿ

ಪಟ್ಟಾಭಿ ಈ ಚಿತ್ರಕ್ಕಾಗಿ ಇಟ್ಟ ಸಂಸ್ಥೆಯ ಹೆಸರು ‘ರಾಮಮನೋಹರ ಚಿತ್ರ’. ಲೋಹಿಯಾ 1967ರಲ್ಲಿ ತೀರಿಕೊಂಡಿದ್ದರು. ಅವರ ಹೆಸರನ್ನೇ ಬ್ಯಾನರಿಗೆ ಇಟ್ಟರು.

ಖರ್ಚು ಒಂದು ಲಕ್ಷ ರೂಪಾಯಿಗಿಂತ ಕಡಿಮೆ. ಇಷ್ಟರಲ್ಲಿ ಹೇಗೆ ಮುಗಿಸಿದರು ಅನ್ನುವುದರಲ್ಲೇ ನಿರ್ಮಾಪಕನ ಕೆಲಸ ಕಾಣುತ್ತೆ.

ಮೊದಲನೆಯದು, ಸ್ಟುಡಿಯೋ ಬಿಟ್ಟರು. ಸೆಟ್ಟು ಹಾಕಿಸಿ ದಿನದ ಬಾಡಿಗೆ ಕಟ್ಟುವ ಬದಲು ಶೃಂಗೇರಿ ಹತ್ತಿರದ ವೈಕುಂಠಪುರ ಅನ್ನುವ ಅಗ್ರಹಾರದಲ್ಲಿ ಶೂಟಿಂಗ್ ಮಾಡಿದರು. ನಿಜವಾದ ಹೆಂಚಿನ ಮನೆ, ನಿಜವಾದ ಜಗಲಿ, ನಿಜವಾದ ಬೀದಿ.

ಎರಡನೆಯದು, ತಾರೆಯರಿಲ್ಲ. ಪ್ರಾಣೇಶಾಚಾರ್ಯನಾಗಿ ಕಾರ್ನಾಡ್, ನಾರಣಪ್ಪನಾಗಿ ಲಂಕೇಶ್, ಚಂದ್ರಿಯಾಗಿ ಸ್ನೇಹಲತಾ. ಜೊತೆಗೆ ರಂಗಭೂಮಿಯವರು. ಮುಂದೆ ನೂರಾರು ಚಿತ್ರಗಳಲ್ಲಿ ನಾವು ನೋಡಿದ ಸಿ.ಎಚ್. ಲೋಕನಾಥ್ ಸಿನಿಮಾಕ್ಕೆ ಬಂದದ್ದೂ ಇದರಿಂದಲೇ.

ಮೂರನೆಯದು, ಒಬ್ಬೊಬ್ಬರು ಎರಡೆರಡು ಕೆಲಸ ಮಾಡಿದರು. ಚಿತ್ರಕಥೆ ಬರೆದದ್ದು ಕಾರ್ನಾಡ್, ಸಂಭಾಷಣೆ ಲಂಕೇಶ್. ನಿರ್ದೇಶನ ಪಟ್ಟಾಭಿಯವರೇ ಮಾಡಿದರು, ಅವರಿಗೂ ಅದು ಮೊದಲ ಸಲ.

ನಾಲ್ಕನೆಯದು, ಕ್ಯಾಮೆರಾ, ಕಲೆ, ಸಂಗೀತಕ್ಕೆ ಮಾಮೂಲಿ ಸಿನಿಮಾದವರನ್ನು ಹುಡುಕಲಿಲ್ಲ. ಕ್ಯಾಮೆರಾ ಹಿಡಿದವರು ಟಾಮ್ ಕೋವನ್, ಆಸ್ಟ್ರೇಲಿಯಾದವರು. ಕಲೆ ನೋಡಿಕೊಂಡವರು ಚಿತ್ರಕಾರ ಎಸ್.ಜಿ. ವಾಸುದೇವ್. ಸಂಗೀತ ಸರೋದ್ ವಾದಕ ರಾಜೀವ ತಾರಾನಾಥರದು. ಕೆ.ವಿ. ರೆಡ್ಡಿ ಗರಡಿಯಲ್ಲಿ ಪಳಗಿದ್ದ ಸಿಂಗೀತಂ ಶ್ರೀನಿವಾಸ ರಾವ್ ಸಹಾಯಕ್ಕೆ ನಿಂತರು. ಮುಂದೆ ರಾಜ್‌ಕುಮಾರ್ ಜೊತೆ ಎಷ್ಟೋ ಹಿಟ್ ಚಿತ್ರ ಮಾಡಿದ ಅದೇ ಸಿಂಗೀತಂ. ಅಂದರೆ ಪಟ್ಟಾಭಿ ಹಳೆಯ ವ್ಯಾಪಾರವನ್ನು ಬಿಟ್ಟರೂ ಅಲ್ಲಿ ಕಲಿತ ಶಿಸ್ತನ್ನು ಬಿಡಲಿಲ್ಲ.

ಕಪ್ಪು-ಬಿಳುಪಿನಲ್ಲಿ ಚಿತ್ರ ಮುಗಿಯಿತು. ಇವತ್ತು ಅದರ ದೃಶ್ಯಗಳನ್ನು ನೋಡಿದರೆ ಮಲೆನಾಡಿನ ಬಿಸಿಲು-ನೆರಳು, ಹಸಿದ ಮುಖಗಳು, ಖಾಲಿ ಬೀದಿ, ಯಾವುದೂ ಮಾಡಿಸಿದ್ದು ಅನ್ನಿಸುವುದಿಲ್ಲ.

ಗೇಟಿನಲ್ಲಿ ನಿಂತ ಕಬ್ಬು

ಚಿತ್ರ ಮದ್ರಾಸಿನ ಸೆನ್ಸಾರ್ ಮುಂದೆ ಹೋಯಿತು. ಅಲ್ಲಿ ತಡೆದರು. ಬ್ರಾಹ್ಮಣ ಸಮುದಾಯದ ಭಾವನೆಗೆ ನೋವಾಗುತ್ತೆ, ಜಾತಿ ಜಾತಿ ನಡುವೆ ಗಲಾಟೆಯಾಗುತ್ತೆ ಅನ್ನುವುದು ವಾದ. ಸರ್ಟಿಫಿಕೇಟ್ ಇಲ್ಲದೆ ಯಾವ ಟಾಕೀಸಿನಲ್ಲೂ ಚಿತ್ರ ಹಾಕುವ ಹಾಗಿಲ್ಲ.

ಇದು ನಿರ್ಮಾಪಕನಿಗೆ ಏನು ಅನ್ನುವುದು ಕಬ್ಬು ಬೆಳೆದವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಕಟಾವು ಆಗಿದೆ, ಗಾಡಿ ಕಾರ್ಖಾನೆ ಗೇಟಿನಲ್ಲಿ ನಿಂತಿದೆ, ಒಳಗೆ ಬಿಡುತ್ತಿಲ್ಲ. ಖರ್ಚೆಲ್ಲ ಮುಗಿದಿದೆ, ಒಂದು ರೂಪಾಯಿಯೂ ವಾಪಸ್ ಬಂದಿಲ್ಲ. ಕಾದಷ್ಟೂ ನಷ್ಟ. ಬರಹಗಾರನ ಪುಸ್ತಕ ಅಂಗಡಿಯಲ್ಲಿ ಇದ್ದೇ ಇರುತ್ತೆ. ನಟ ಇನ್ನೊಂದು ಪಾತ್ರಕ್ಕೆ ಹೋಗುತ್ತಾನೆ. ಡಬ್ಬಿಯಲ್ಲಿ ಬಿದ್ದ ರೀಲು ನಿರ್ಮಾಪಕನದು ಮಾತ್ರ.

ಇಂಥ ಹೊತ್ತಿನಲ್ಲಿ ಹೆಚ್ಚಿನವರು ರಾಜಿಗೆ ಬರುತ್ತಾರೆ. ಅದನ್ನು ತೆಗಿ, ಇದನ್ನು ಸೇರಿಸು, ಕೊನೆಯಲ್ಲಿ ಆಚಾರ್ಯ ಪ್ರಾಯಶ್ಚಿತ್ತ ಮಾಡಿಕೊಂಡ ಹಾಗೆ ತೋರಿಸು ಅಂದರೆ ಮುಗಿಯಿತು. ಪಟ್ಟಾಭಿ ಮತ್ತು ಗೆಳೆಯರು ಮೇಲಕ್ಕೆ ಹೋದರು. ಪತ್ರಿಕೆಗಳಲ್ಲಿ ಚರ್ಚೆಯಾಯಿತು. ಕೊನೆಗೆ ಕೇಂದ್ರದ ವಾರ್ತಾ ಮತ್ತು ಪ್ರಸಾರ ಇಲಾಖೆ ತಡೆಯನ್ನು ತೆಗೆಯಿತು. ಚಿತ್ರ ಬಿಡುಗಡೆಯಾಯಿತು.

ಮದ್ರಾಸಿನಲ್ಲಿ ತಡೆದ ಅದೇ ಚಿತ್ರಕ್ಕೆ ದಿಲ್ಲಿಯಲ್ಲಿ 1970ನೇ ಸಾಲಿನ ದೇಶದ ಅತ್ಯುತ್ತಮ ಚಿತ್ರ ಅಂತ ರಾಷ್ಟ್ರಪತಿಗಳ ಚಿನ್ನದ ಪದಕ ಬಂತು. ಈಗ ಸ್ವರ್ಣಕಮಲ ಅನ್ನುತ್ತೇವಲ್ಲ, ಅದೇ ಪ್ರಶಸ್ತಿ. ಅದಕ್ಕಿಂತ ಮೊದಲು ಯಾವ ಕನ್ನಡ ಚಿತ್ರಕ್ಕೂ ಅದು ಬಂದಿರಲಿಲ್ಲ. 1972ರಲ್ಲಿ ಸ್ವಿಟ್ಜರ್‌ಲೆಂಡಿನ ಲೊಕಾರ್ನೋ ಚಿತ್ರೋತ್ಸವದಲ್ಲೂ ಪ್ರಶಸ್ತಿ ಸಿಕ್ಕಿತು.

ಒಬ್ಬರು ಬಾಗಿಲು ತೆಗೆದ ಮೇಲೆ

‘ಸಂಸ್ಕಾರ’ದ ಮುಂದಿನ ಹತ್ತು ವರ್ಷ ಕನ್ನಡ ಸಿನಿಮಾದಲ್ಲಿ ಏನಾಯಿತು ನೋಡಿ. 1971ರಲ್ಲಿ ಭೈರಪ್ಪನವರ ಕಾದಂಬರಿ ಆಧರಿಸಿದ ‘ವಂಶವೃಕ್ಷ’ ಬಂತು. ನಿರ್ದೇಶನ ಕಾರ್ನಾಡ್ ಮತ್ತು ಬಿ.ವಿ. ಕಾರಂತ, ನಿರ್ಮಾಣ ಜಿ.ವಿ. ಅಯ್ಯರ್. 1973ರಲ್ಲಿ ‘ಕಾಡು’. 1975ರಲ್ಲಿ ಶಿವರಾಮ ಕಾರಂತರ ‘ಚೋಮನ ದುಡಿ’ ಸಿನಿಮಾ ಆಯಿತು. 1977ರಲ್ಲಿ ಅನಂತಮೂರ್ತಿಯವರದೇ ಕಥೆಯ ‘ಘಟಶ್ರಾದ್ಧ’ವನ್ನು ಗಿರೀಶ್ ಕಾಸರವಳ್ಳಿ ಮಾಡಿದರು, ಅದಕ್ಕೆ ದುಡ್ಡು ಹಾಕಿದವರು ಸದಾನಂದ ಸುವರ್ಣ. ‘ಚೋಮನ ದುಡಿ’, ‘ಘಟಶ್ರಾದ್ಧ’ ಎರಡಕ್ಕೂ ಸ್ವರ್ಣಕಮಲ ಬಂತು. ನಾರಣಪ್ಪನ ಪಾತ್ರ ಮಾಡಿದ ಲಂಕೇಶರೂ ಮುಂದೆ ‘ಪಲ್ಲವಿ’ ನಿರ್ದೇಶಿಸಿ ರಾಷ್ಟ್ರ ಪ್ರಶಸ್ತಿ ತಂದರು.

ಒಟ್ಟು ಆರು ಕನ್ನಡ ಚಿತ್ರಗಳಿಗೆ ಈ ದೊಡ್ಡ ಪ್ರಶಸ್ತಿ ಸಿಕ್ಕಿದೆ: ‘ಸಂಸ್ಕಾರ’, ‘ಚೋಮನ ದುಡಿ’, ‘ಘಟಶ್ರಾದ್ಧ’, ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’. ‘ತಾಯಿ ಸಾಹೇಬ’ದ ನಿರ್ಮಾಪಕಿ ನಟಿ ಜಯಮಾಲಾ, ‘ದ್ವೀಪ’ದ ನಿರ್ಮಾಪಕಿ ನಟಿ ಸೌಂದರ್ಯ. ಪಟ್ಟಾಭಿಯ ಹಾಗೆ ಅವರೂ ಮಾರ್ಕೆಟ್ ಸಿನಿಮಾದ ಒಳಗಿದ್ದು, ಅದರ ಲೆಕ್ಕ ಗೊತ್ತಿದ್ದೂ, ಬೇರೆ ಥರದ ಚಿತ್ರಕ್ಕೆ ಕೈಹಾಕಿದವರು.

ಇಲ್ಲಿ ಒಂದು ಮಾತು ಒಪ್ಪಿಕೊಳ್ಳಬೇಕು. ಪಟ್ಟಾಭಿ ಉಳ್ಳವರ ಮನೆಯವರು. ಸೋತರೂ ಬೀದಿಗೆ ಬೀಳುವ ಸ್ಥಿತಿ ಅವರದಾಗಿರಲಿಲ್ಲ. ಇಂಥ ಕಥೆಗೆ ದುಡ್ಡು ಹಾಕುವ ಧೈರ್ಯ ಬಡವನಿಗೆ ಎಲ್ಲಿಂದ ಬರಬೇಕು ಅಂತ ಯಾರಾದರೂ ಕೇಳಿದರೆ ಅದು ಸರಿಯಾದ ಪ್ರಶ್ನೆ. ಚಿತ್ರವೂ ಅಗ್ರಹಾರದ ಕಥೆಯೇ, ಅಗ್ರಹಾರದ ಹೊರಗಿನವರು ಅದರಲ್ಲಿ ಅಂಚಿನಲ್ಲೇ ಬಂದು ಹೋಗುತ್ತಾರೆ. ಆದರೆ ದುಡ್ಡಿದ್ದ ಬೇರೆ ಬಹಳ ಜನ ಆಗಲೂ ಇದ್ದರು. ಅವರು ಇದನ್ನು ಮಾಡಲಿಲ್ಲ. ಮತ್ತೆ, ಪಟ್ಟಾಭಿ ತೆತ್ತ ಬೆಲೆ ದುಡ್ಡಿನ ಲೆಕ್ಕದಲ್ಲಿ ನಿಲ್ಲಲಿಲ್ಲ.

1976: ಮನೆಗೆ ಬಂದ ಪೊಲೀಸರು

ರೆಡ್ಡಿ ದಂಪತಿ ಬೆಂಗಳೂರಿಗೆ ಬಂದು ನೆಲೆಸಿದರು. ಬರಹಗಾರರು, ನಾಟಕದವರು, ಸಮಾಜವಾದಿಗಳು ಬಂದುಹೋಗುವ ಮನೆ ಅದು. ಸಮಾಜವಾದಿ ನಾಯಕ, ಮಂಗಳೂರಿನವರೇ ಆದ ಜಾರ್ಜ್ ಫರ್ನಾಂಡಿಸ್ ಅವರ ಗೆಳೆಯರು.

1975ರ ಜೂನ್ 25ರ ರಾತ್ರಿ ದೇಶದಲ್ಲಿ ತುರ್ತು ಪರಿಸ್ಥಿತಿ ಘೋಷಣೆಯಾಯಿತು. ಪತ್ರಿಕೆಗಳ ಬಾಯಿ ಕಟ್ಟಿದರು. ವಿರೋಧ ಪಕ್ಷದವರನ್ನು ಜೈಲಿಗೆ ಹಾಕಿದರು. ಜಾರ್ಜ್ ಭೂಗತರಾದರು. ರೈಲ್ವೆ ಹಳಿ, ಸೇತುವೆ ಸ್ಫೋಟಿಸಲು ಡೈನಮೈಟ್ ಸಂಗ್ರಹಿಸಿದರು ಅಂತ ಅವರ ಮೇಲೆ ಕೇಸು ಬಂತು. ಬರೋಡಾ ಡೈನಮೈಟ್ ಪ್ರಕರಣ ಅಂತ ಕರೆಯುವುದು ಇದನ್ನೇ. ಜಾರ್ಜ್ ಸಿಗದಿದ್ದಾಗ ಅವರ ತಮ್ಮ ಲಾರೆನ್ಸ್‌ರನ್ನು ಬೆಂಗಳೂರಿನಲ್ಲಿ ಹಿಡಿದು ಚಿತ್ರಹಿಂಸೆ ಕೊಟ್ಟರು.

1976ರ ಮೇ 2ರಂದು ಸ್ನೇಹಲತಾರನ್ನು ಬಂಧಿಸಿದರು. ಕೊನೆಗೆ ಸಲ್ಲಿಸಿದ ಆರೋಪಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ. ಆದರೂ ಬಿಡಲಿಲ್ಲ. ‘ಮೀಸಾ’ ಅನ್ನುವ ಆಂತರಿಕ ಭದ್ರತಾ ಕಾಯ್ದೆಯಡಿ ಇಟ್ಟುಕೊಂಡರು. ಆ ಕಾಯ್ದೆಯಲ್ಲಿ ವಿಚಾರಣೆ ಇಲ್ಲದೆಯೇ ಒಬ್ಬರನ್ನು ಒಳಗಿಡಬಹುದಿತ್ತು.

ಜೈಲಿನ ತೇವ, ಒಂಟಿ ಕೋಣೆ, ಅಸ್ತಮಾ. ಅದೇ ಜೈಲಿನಲ್ಲಿದ್ದ ಸಮಾಜವಾದಿ ನಾಯಕ ಮಧು ದಂಡವತೆ, ರಾತ್ರಿಯ ನಿಶ್ಶಬ್ದದಲ್ಲಿ ಸ್ನೇಹಲತಾ ನೋವಿನಿಂದ ಕೂಗುವುದು ತಮಗೆ ಕೇಳಿಸುತ್ತಿತ್ತು ಅಂತ ನೆನೆದಿದ್ದಾರೆ. ಇಷ್ಟರ ನಡುವೆಯೂ ಅವರು ಒಳಗಿದ್ದ ಬಡ ಹೆಣ್ಣು ಕೈದಿಗಳ ಪರ ನಿಂತರು. ಅವರನ್ನು ಹೊಡೆಯುವುದನ್ನು ವಿರೋಧಿಸಿದರು, ಊಟ ಸರಿಯಾಗಿ ಕೊಡಿ ಅಂತ ಹಟ ಹಿಡಿದರು. ಡೈರಿ ಬರೆದರು. ಆ ಜೈಲು ಡೈರಿ ಅವರು ಸತ್ತ ಮೇಲೆ, 1977ರಲ್ಲಿ, ಪುಸ್ತಕವಾಗಿ ಬಂತು.

ಆರೋಗ್ಯ ಪೂರ್ತಿ ಕೆಟ್ಟ ಮೇಲೆ 1977ರ ಜನವರಿ 15ರಂದು ಪೆರೋಲ್ ಮೇಲೆ ಬಿಟ್ಟರು. ಜನವರಿ 18ರಂದು ಇಂದಿರಾ ಗಾಂಧಿ ಚುನಾವಣೆ ಘೋಷಿಸಿದರು. ಜನವರಿ 20ರಂದು ಸ್ನೇಹಲತಾ ತೀರಿಕೊಂಡರು. ಐವತ್ತು ವರ್ಷ ತುಂಬಿರಲಿಲ್ಲ.

ಸಿನಿಮಾ ಮಾಡಿದ್ದಕ್ಕೆ ಅವರನ್ನು ಹಿಡಿದರು ಅಂತ ಹೇಳುವುದು ತಪ್ಪಾಗುತ್ತೆ. ಹಿಡಿದದ್ದು ರಾಜಕೀಯಕ್ಕೆ, ಗೆಳೆತನಕ್ಕೆ. ಆದರೆ ಈ ಮನೆಯಲ್ಲಿ ಸಿನಿಮಾ ಬೇರೆ, ರಾಜಕೀಯ ಬೇರೆ ಆಗಿರಲಿಲ್ಲ. ಜಾತಿಯನ್ನು ಪ್ರಶ್ನಿಸುವ ಚಿತ್ರಕ್ಕೆ ಲೋಹಿಯಾ ಹೆಸರಿಟ್ಟದ್ದು, ಭೂಗತ ಗೆಳೆಯನಿಂದ ಮುಖ ತಿರುಗಿಸದೆ ಇದ್ದದ್ದು, ಎರಡೂ ಒಂದೇ ನಂಬಿಕೆಯಿಂದ ಬಂದವು. ಚಂದ್ರಿಯಾಗಿ ನಟಿಸಿದ ಸ್ನೇಹಲತಾ ಚಿತ್ರದಲ್ಲಿ ಗಂಡಸರೆಲ್ಲ ಶಾಸ್ತ್ರ ನೋಡುತ್ತಾ ಕೂತಾಗ ಹೆಣಕ್ಕೆ ಒಂದು ದಾರಿ ಕಾಣಿಸುವ ಹೆಂಗಸು. ಜೈಲಿನಲ್ಲೂ ಅವರು ಆ ಥರದವರೇ ಆಗಿದ್ದರು.

ಇಪ್ಪತ್ತಮೂರು ವರ್ಷ, ನಾಲ್ಕು ಚಿತ್ರ

ಹೆಂಡತಿ ಹೋದ ವರ್ಷವೇ, 1977ರಲ್ಲಿ, ಪಟ್ಟಾಭಿಯವರ ಎರಡನೇ ಕನ್ನಡ ಚಿತ್ರ ‘ಚಂಡಮಾರುತ’ ಬಂತು. ಲಂಕೇಶರ ‘ಕ್ರಾಂತಿ ಬಂತು ಕ್ರಾಂತಿ’ ನಾಟಕ ಅದಕ್ಕೆ ಆಧಾರ. ಆ ಕಾಲದ ರಾಜಕೀಯವೇ ಅದರ ವಸ್ತು.

ಮೂರನೆಯದು ‘ಶೃಂಗಾರ ಮಾಸ’, 1984ರಲ್ಲಿ. ನಾಲ್ಕನೆಯದು ‘ದೇವರ ಕಾಡು’, 1993ರಲ್ಲಿ. ಅಷ್ಟೇ. 1970ರಿಂದ 1993ರವರೆಗೆ ನಿರ್ದೇಶಿಸಿದ್ದು ನಾಲ್ಕು ಚಿತ್ರ. ಒಂದರಿಂದ ಇನ್ನೊಂದಕ್ಕೆ ಏಳು ವರ್ಷ, ಏಳು ವರ್ಷ, ಒಂಬತ್ತು ವರ್ಷ.

ಮಾರ್ಕೆಟ್ಟಿನ ಲೆಕ್ಕದಲ್ಲಿ ಇದೊಂದು ಸೋತ ಕೆರಿಯರ್. ವರ್ಷಕ್ಕೆ ಎರಡು ಚಿತ್ರ ಮಾಡುವವರ ಪಟ್ಟಿಯಲ್ಲಿ ಇವರ ಹೆಸರು ಎಲ್ಲೂ ಬರುವುದಿಲ್ಲ. ಮುಂಗಡ ಕೊಡುವವರ ಹತ್ತಿರ ಹೋಗದೆ ಇದ್ದರೆ ಚಿತ್ರಕ್ಕೂ ಚಿತ್ರಕ್ಕೂ ನಡುವೆ ಇಷ್ಟು ದೂರ ಬೀಳುವುದು ಸಹಜ. ಪ್ರತಿ ಸಲ ಹಣ ಹೊಂದಿಸಬೇಕು, ಜನ ಸೇರಿಸಬೇಕು, ಟಾಕೀಸು ಹುಡುಕಬೇಕು. ಮಾರುಕಟ್ಟೆ ಮೆಚ್ಚುವ ಚಿತ್ರವನ್ನು ಅವರು ಮತ್ತೆ ಮಾಡಬಹುದಿತ್ತು, ವಿದ್ಯೆ ಗೊತ್ತಿತ್ತು. ಮಾಡಲಿಲ್ಲ.

ಪಟ್ಟಾಭಿರಾಮ ರೆಡ್ಡಿ 2006ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು. ಆಗ ಅವರಿಗೆ 87 ವರ್ಷ. ಹೆಂಡತಿ ಇಲ್ಲದೆ ಇಪ್ಪತ್ತೊಂಬತ್ತು ವರ್ಷ ಬದುಕಿದ್ದರು.

ನಾವು ಯಾಕೆ ನೆನೆಯಬೇಕು?

ಇವತ್ತು ಕೈಯಲ್ಲಿ ಫೋನ್ ಇದ್ದವರೆಲ್ಲ ವಿಡಿಯೋ ಮಾಡಬಹುದು. ನಮ್ಮ ಹಳ್ಳಿಗಳಲ್ಲೂ ಹುಡುಗರು ಕಿರುಚಿತ್ರ ಮಾಡುತ್ತಿದ್ದಾರೆ, ಯೂಟ್ಯೂಬ್‌ಗೆ ಹಾಕುತ್ತಿದ್ದಾರೆ. ಒಳ್ಳೆಯದೇ. ಆದರೆ ಅಲ್ಲೂ ಹಳೆಯ ಪ್ರಶ್ನೆ ಬೇರೆ ರೂಪದಲ್ಲಿ ಬರುತ್ತೆ. ದುಡ್ಡು ಕೊಡುವ ಊರ ಮುಖಂಡ ತನ್ನ ಫೋಟೋ ಹಾಕು ಅನ್ನುತ್ತಾನೆ. ಊರ ಕೆರೆ ಒತ್ತುವರಿ ಬಗ್ಗೆ ಮಾಡೋಣ ಅಂದರೆ ಬೇಡ ಅನ್ನುತ್ತಾನೆ. ಹೋಟೆಲಿನಲ್ಲಿ ಎರಡು ಲೋಟ ಇಡುವುದನ್ನು ತೋರಿಸೋಣ ಅಂದರೆ ಗೆಳೆಯರೇ ಹಿಂದೆ ಸರಿಯುತ್ತಾರೆ.

ಆಗ ಪಟ್ಟಾಭಿ ಏನು ಮಾಡಿದರು ಅನ್ನುವುದನ್ನು ನೋಡಬಹುದು. ಖರ್ಚನ್ನು ಕೈಗೆ ಎಟುಕುವಷ್ಟು ಕಡಿಮೆ ಮಾಡಿದರು. ನಂಬುವ ಗೆಳೆಯರನ್ನು ಸೇರಿಸಿದರು. ಕೆಲಸ ಗೊತ್ತಿದ್ದವರನ್ನು ಜೊತೆಗೆ ಇಟ್ಟುಕೊಂಡರು. ಕಥೆಯನ್ನು ಮೆದು ಮಾಡಲಿಲ್ಲ. ತಡೆ ಬಂದಾಗ ಬಾಗಿಲಿಂದ ಬಾಗಿಲಿಗೆ ಹೋದರು.

ಹಾಗೆ ಮಾಡಿದರೆ ಎಲ್ಲ ಸರಿಹೋಗುತ್ತೆ ಅಂತ ಅವರ ಕಥೆ ಹೇಳುವುದಿಲ್ಲ. ಚಿನ್ನದ ಪದಕ ಬಂದ ಮನೆಗೇ ಕೆಲವು ವರ್ಷದ ಮೇಲೆ ಪೊಲೀಸರು ಬಂದರು. ಎರಡೂ ಒಂದೇ ದೇಶದ ಸರ್ಕಾರ ಮಾಡಿದ ಕೆಲಸ. ಇದನ್ನು ಮರೆಯದೆ ಇರುವುದು ನಮ್ಮ ಕೆಲಸ.

‘ಸಂಸ್ಕಾರ’ ಎಲ್ಲಾದರೂ ನೋಡಲು ಸಿಕ್ಕರೆ ನೋಡಿ, ಮನೆಯ ಹಿರಿಯರನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ಶುರುವಿನಲ್ಲಿ ಹೆಸರುಗಳು ಬರುವಾಗ ಓಡಿಸಬೇಡಿ, ‘ರಾಮಮನೋಹರ ಚಿತ್ರ’ ಅನ್ನುವ ಹೆಸರು ಯಾಕೆ ಅಲ್ಲಿದೆ ಅಂತ ಈಗ ನಿಮಗೆ ಗೊತ್ತು. ಇನ್ನೊಮ್ಮೆ ನಿಮ್ಮ ಸಂಘದವರ ಜೊತೆ ಫ್ರೀಡಂ ಪಾರ್ಕಿಗೆ ಹೋದಾಗ, ಮಧ್ಯಾಹ್ನದ ಬಿಸಿಲಿಗೆ ನೆರಳು ಹುಡುಕುತ್ತಾ ಆ ಹಳೆಯ ಜೈಲು ಗೋಡೆಯ ಹತ್ತಿರ ಹೋದರೆ, ಚಂದ್ರಿಯ ಪಾತ್ರ ಮಾಡಿದ ಆ ಹೆಂಗಸು ಇಲ್ಲೇ ಎಂಟು ತಿಂಗಳು ಇದ್ದರು ಅಂತ ಪಕ್ಕದವರಿಗೆ ಹೇಳಿ.